ನಿಂತುಹೋದ ಆಟ

ಹಳೆಯ ವಸ್ತುಗಳನ್ನು ಗುಜರಿಗೆ ಹಾಕುವ ಕಾರ್ಯವನ್ನು ಗೃಹಿಣಿಯರು ಗಂಡಂದಿರ ಕೈಗೆ ಒಪ್ಪಿಸಲೇಬಾರದು. ಕಳೆದ ರವಿವಾರ ನಮ್ಮ ಮನೆಯಾಕೆ ಅಟ್ಟದ ಮೇಲಿನ ಪೆಟ್ಟಿಗೆಯೊಂದನ್ನು ನಮ್ಮ ಮುಂದಿಟ್ಟು, "ಇದರಲ್ಲಿ ಬೇಕಾದ್ದೆಷ್ಟು, ಬೇಡಾದ್ದೆಷ್ಟು ನೋಡಿರಿ" ಎಂದು ಅಪ್ಪಣೆ ಮಾಡಿದಳು. ಸರಕಾರಿ ಕಚೇರಿಯಲ್ಲಿ ಕಡತ ವಿಲೇವಾರಿ ಮಾಡಿ ಪಳಗಿದ ಕೈ ನಮ್ಮದು. ಅರ್ಧ ಗಂಟೆಯ ಕೆಲಸವೆಂದುಕೊಂಡೆವು. ಮೂರನೆಯ ವಸ್ತುವಿಗೇ ಕೈ ನಿಂತಿತು. ಅದೊಂದು ಸಿ.ಡಿ. ಅದರ ಮೇಲೆ ತಮ್ಮನ ದುಂಡು ಅಕ್ಷರದಲ್ಲಿ 'ಕ್ರಿಕೆಟ್ 07' ಎಂದು ಬರೆದಿತ್ತು.

ಇಂದಿನ ಮಕ್ಕಳು ಮೊಬೈಲಿನಲ್ಲಿ ಆಡುವ ಆಟಗಳ ಮುಂದೆ ಅದು ಬಡವರ ಆಟವೇ ಸರಿ. ಇ.ಎ. ಸ್ಪೋರ್ಟ್ಸ್ ಕಂಪನಿ ಅದನ್ನು 2006ರ ನವೆಂಬರಿನಲ್ಲಿ ಹೊರತಂದಿತು. ತಯಾರಿಸಿದ ಎಚ್.ಬಿ. ಸ್ಟುಡಿಯೋಸ್ ಇದ್ದದ್ದು ಐಸ್ ಹಾಕಿಯ ದೇಶವಾದ ಕೆನಡಾದಲ್ಲಿ! ಪರವಾನಿಗೆ ಇಲ್ಲದ ಕಾರಣ ಭಾರತದ ಆಟಗಾರರಿಗೆ ಅದರಲ್ಲಿ ನಿಜವಾದ ಹೆಸರುಗಳಿರಲಿಲ್ಲ. ನಮ್ಮ ದ್ರಾವಿಡ, ಕುಂಬಳೆಯವರಿಗೂ ಅಜ್ಞಾತವಾಸ! ಅಭಿಮಾನಿಗಳೇ ಸರಿಯಾದ ಹೆಸರು, ಅಂಗಿಗಳನ್ನು ಕೂಡಿಸಿ 'ಪ್ಯಾಚು' ಎಂಬ ತೇಪೆಯನ್ನು ಸಿದ್ಧಮಾಡಿ ಹಂಚುತ್ತಿದ್ದರು. ತಮ್ಮ ಸೈಬರ್ ಕೆಫೆಯಲ್ಲಿ ಗಂಟೆಗಟ್ಟಲೆ ಕಾದು ಅದನ್ನು ತಂದಿದ್ದ. ಮಾರ್ಕ್ ನಿಕೊಲಸ್ ಮತ್ತು ರಿಚೀ ಬೆನೋ ಅವರ ವೀಕ್ಷಕ ವಿವರಣೆಯಂತೂ ನಮಗೆ ಬಾಯಿಪಾಠ. 2015ರಲ್ಲಿ ಬೆನೋ ತೀರಿಕೊಂಡಾಗ ಮನೆಯ ಹಿರಿಯರೊಬ್ಬರು ಹೋದಂತಾಯಿತು.

ಆಗ ನಾವಿದ್ದದ್ದು ಸೊಲ್ಲಾಪುರದಲ್ಲಿ. ಮನೆಗೊಂದೇ ಕಂಪ್ಯೂಟರು. ಅಣ್ಣನೆಂಬ ಅಧಿಕಾರದಿಂದ ಕೀಲಿಮಣೆ ನಮಗೆ. ಗುಂಡಿಯೊಂದು ಒಳಗೆ ಸಿಕ್ಕಿಕೊಂಡಿದ್ದ ಗೇಂಪ್ಯಾಡು ತಮ್ಮನಿಗೆ. ಮೊದಲ ಬ್ಯಾಟಿಂಗೂ ನಮ್ಮದೇ. ಹಿರಿಯರು ಮೊದಲು ಉಣ್ಣುವುದಿಲ್ಲವೆ?

2007ರ ಮಾರ್ಚಿನಲ್ಲಿ ವಿಶ್ವಕಪ್ಪಿನ ಮೊದಲ ಸುತ್ತಿನಲ್ಲೇ ನಮ್ಮ ತಂಡ ಬಾಂಗ್ಲಾದೇಶ, ಶ್ರೀಲಂಕಾಗಳಿಗೆ ಸೋತು ಹೊರಬಿತ್ತು. ನಾಯಕ ದ್ರಾವಿಡ. ಊರೆಲ್ಲ ಸೂತಕದ ಕಳೆ. ಅಂದು ರಾತ್ರಿ ಅದೇ ಪಂದ್ಯವನ್ನು ಮತ್ತೆ ಆಡಿ, ಕಂಪ್ಯೂಟರಿನಲ್ಲಾದರೂ ದೇಶದ ಮಾನ ಉಳಿಸೋಣವೆಂದು ಕುಳಿತೆವು. ಭಾರತ ನಮ್ಮದು, ಶ್ರೀಲಂಕಾ ತಮ್ಮನ ಪಾಲಿಗೆ. ಆ ಹುಡುಗ ಸಿಕ್ಕಿಕೊಂಡ ಗುಂಡಿಯಿಂದಲೇ ಹೊಡೆದು ಹೊಡೆದು, ಗೆಲ್ಲಲು ನಾಲ್ಕೇ ಓಟ ಉಳಿಸಿಕೊಂಡ.

ಓದುಗರೇ, ಇಷ್ಟು ವರ್ಷ ಯಾರಿಗೂ ಹೇಳದ್ದನ್ನು ಹೇಳುತ್ತಿದ್ದೇವೆ. ನಮ್ಮ ಕಾಲು ಮೇಜಿನ ಕೆಳಗಿನ ಪ್ಲಗ್ಗಿಗೆ ತಾನಾಗಿ ತಾಗಲಿಲ್ಲ. ನಾವೇ ತಾಗಿಸಿದೆವು. ಪರದೆ ಕಪ್ಪಾಯಿತು. "ಲೋಡ್ ಶೆಡ್ಡಿಂಗು!" ಎಂದು ನಿಟ್ಟುಸಿರು ಬಿಟ್ಟೆವು. ಆ ದಿನಗಳಲ್ಲಿ ಅದು ನಿತ್ಯದ ಮಾತು. ಆದರೆ ತಲೆಯ ಮೇಲೆ ಫ್ಯಾನು ತಿರುಗುತ್ತಲೇ ಇತ್ತು. ತಮ್ಮ ಫ್ಯಾನನ್ನು ನೋಡಿದ, ನಮ್ಮನ್ನು ನೋಡಿದ, ಏನೂ ಅನ್ನದೆ ಹೋಗಿ ಮಲಗಿದ.

ಈಗ ತಮ್ಮ ಚೆನ್ನೈಯಲ್ಲಿದ್ದಾನೆ. ತಂದೆಯವರು ಕಾಲವಾದ ಮೇಲೆ ಸೊಲ್ಲಾಪುರದ ಮನೆಯ ವಿಷಯದಲ್ಲಿ ಮಾತಿಗೆ ಮಾತು ಬೆಳೆದು, ಎರಡು ವರ್ಷದಿಂದ ನಮ್ಮಿಬ್ಬರಿಗೂ ಮಾತಿಲ್ಲ. ಕಾಗದಪತ್ರಗಳನ್ನು ತೋರಿಸೆಂದು ಅವನು ಕೇಳಿದಾಗಲೆಲ್ಲ ನಮಗೆ ಕಚೇರಿಯ ಕೆಲಸ ಅಡ್ಡ ಬರುತ್ತಿತ್ತು. ಕೊನೆಯ ದಿನ ಅವನು ಎದ್ದು ಹೋಗುತ್ತ, "ನೀನು ಸೋಲುವಾಗಲೆಲ್ಲ ಕರೆಂಟು ಹೋಗುತ್ತದೆ ಬಿಡು" ಎಂದಿದ್ದ. ಏನೋ ಸಿಟ್ಟಿನ ಮಾತೆಂದುಕೊಂಡಿದ್ದೆವು. ಸಿ.ಡಿ. ಕೈಯಲ್ಲಿ ಹಿಡಿದಾಗ ಅರ್ಥವಾಯಿತು.

ಫೋನು ಮಾಡುವ ಧೈರ್ಯವಾಗಲಿಲ್ಲ. ಮನೆಯ ಕಾಗದಗಳ ನಕಲುಗಳನ್ನೆಲ್ಲ ಒಂದು ಲಕೋಟೆಯಲ್ಲಿಟ್ಟು, ಜೊತೆಗೊಂದು ಚೀಟಿ ಬರೆದೆವು: "ಅಂದು ಕರೆಂಟು ಹೋಗಿರಲಿಲ್ಲ. ಪಂದ್ಯ ನಿನ್ನದು." ಮರುದಿನ ಕಚೇರಿಗೆ ಹೋಗುವ ದಾರಿಯಲ್ಲೇ ರಿಜಿಸ್ಟರು ಮಾಡಿಸಿದೆವು.

ಈ ಅಂಕಣ ಸಂಪಾದಕರ ಕೈಸೇರುವ ಹೊತ್ತಿಗೆ ಉತ್ತರ ಬಂದಿಲ್ಲ. ನಮ್ಮ ಈಗಿನ ಕಂಪ್ಯೂಟರಿನಲ್ಲಿ ಸಿ.ಡಿ. ಹಾಕುವ ಬಾಯೇ ಇಲ್ಲ. ಆದರೂ ಅದನ್ನು 'ಬೇಕಾದ್ದು' ಎಂಬ ಗುಡ್ಡೆಯಲ್ಲಿಟ್ಟಿದ್ದೇವೆ. ಮನೆಯಾಕೆ ನೋಡಿದಳು, ಏನೂ ಅನ್ನಲಿಲ್ಲ.