ಗಾಡಿ ಕೆಟ್ಟಾಗಲೇ ಕಾರ್ಯಕ್ರಮ ಗೆದ್ದದ್ದು!

ವಾಹನ ಸಾಹಸದ ಟಿವಿ ಸರಣಿಗಳು ಗೆಲ್ಲುವುದು ದುಬಾರಿ ಕಾರುಗಳಿಂದ, ಸುರಿಯುವ ದುಡ್ಡಿನಿಂದ ಎಂದು ನಮ್ಮ ಮಕ್ಕಳು ನಂಬಿದ್ದಾರೆ. ಪೋಷಕರೂ ಹೌದೆನ್ನುತ್ತಾರೆ. ನಾವು ಒಪ್ಪುವುದಿಲ್ಲ!

ಬಿಬಿಸಿಯ ‘ಟಾಪ್ ಗೇರ್’ ನೋಡಿ. 2002ರಲ್ಲಿ ಹೊಸ ರೂಪದಲ್ಲಿ ಶುರುವಾದ ಇದರಲ್ಲಿ ವೇಗದ ಕಾರುಗಳಿಗೆ ಬರವಿರಲಿಲ್ಲ. ಆದರೂ ಅದು ಶಿಖರ ಮುಟ್ಟಿದ್ದು 2007ರ ಬೋಟ್ಸ್ವಾನ ಪಯಣದಲ್ಲಿ ಎನ್ನುತ್ತೇವೆ ನಾವು. ಜೆರೆಮಿ ಕ್ಲಾರ್ಕ್‌ಸನ್, ರಿಚರ್ಡ್ ಹ್ಯಾಮಂಡ್, ಜೇಮ್ಸ್ ಮೇ ಮೂವರಿಗೂ ತಲಾ 1500 ಪೌಂಡ್ ಮಿತಿ. ಕೊಂಡದ್ದು ಹಳೇ ಕಾರುಗಳು. ಮಕ್‌ಗಡಿಕ್‌ಗಡಿ ಉಪ್ಪಿನ ಬಯಲಲ್ಲಿ ಚಕ್ರ ಹೂತುಹೋಗದಿರಲೆಂದು ಇಬ್ಬರು ಬಾಗಿಲುಗಳನ್ನೇ ಕಿತ್ತು ಭಾರ ಇಳಿಸಿದರು. ಹ್ಯಾಮಂಡ್ ಮಾತ್ರ ತಮ್ಮ ಓಪೆಲ್ ಕಡೆಟ್‌ಗೆ ‘ಆಲಿವರ್’ ಎಂದು ಹೆಸರಿಟ್ಟು, ಆಮೇಲೆ ಇಂಗ್ಲೆಂಡಿಗೇ ತರಿಸಿಕೊಂಡರು! ಅಲ್ಲಿ ನಗೆಗೀಡಾದವರು ಯಾರು? ಆ ಮೂವರೇ. ದೊಡ್ಡದಾಗಿ ಕಂಡದ್ದು ದಾರಿ, ನೆಲ.

ಇಳಿಜಾರು ಎಲ್ಲಿ? 2011ರ ಡಿಸೆಂಬರ್‌ನ ಭಾರತ ಪಯಣದಲ್ಲಿ. ಕಾರಿನ ಹಿಂಬದಿಗೆ ಕಕ್ಕಸು ಕೂರಿಸಿಕೊಂಡು, ಇಲ್ಲಿಗೆ ಬಂದವರಿಗೆಲ್ಲ ಹೊಟ್ಟೆ ಕೆಡುತ್ತದೆಂದು ಹಾಸ್ಯ! ಲಂಡನ್ನಿನ ಭಾರತೀಯ ಹೈಕಮಿಷನ್ 2012ರ ಜನವರಿಯಲ್ಲಿ ದೂರು ಕೊಟ್ಟಿತು. ದಾರಿಹೋಕ ತನ್ನನ್ನು ಬಿಟ್ಟು ದಾರಿಬದಿಯವರನ್ನು ನೋಡಿ ನಗತೊಡಗಿದರೆ ಸಾಹಸ ಮುಗಿಯಿತು, ಉಳಿದದ್ದು ಸೊಕ್ಕು.

ಇದೇ ಮೂವರು ಅಮೆಜಾನ್‌ಗಾಗಿ 2016ರಲ್ಲಿ ‘ದಿ ಗ್ರ್ಯಾಂಡ್ ಟೂರ್’ ಶುರು ಮಾಡಿದರು. ದುಡ್ಡಿಗೇನು ಕೊರತೆ? ಆದರೆ 2024ರ ಸೆಪ್ಟೆಂಬರ್‌ನ ಕೊನೆಯ ಕಂತಿನಲ್ಲಿ ಅವರು ಜಿಂಬಾಬ್ವೆ ದಾಟಿ ಬಂದು ನಿಂತದ್ದು ಅದೇ ಬೋಟ್ಸ್ವಾನದ ಉಪ್ಪಿನ ಬಯಲಲ್ಲಿ, ಹಳೇ ಕಾರುಗಳಲ್ಲೇ! ಇದಕ್ಕಿಂತ ಸಾಕ್ಷಿ ಬೇಕೇ?

ಇದು ನಮಗೇಕೆ ಎನ್ನುತ್ತೀರಾ? ದಾರಿಬದಿಯವರಾಗಿ ನೋಡಿಸಿಕೊಳ್ಳುವುದು ಏನೆಂದು ಗಡಿಯಾಚೆಯ ಕನ್ನಡದ ಮಕ್ಕಳಿಗೆ ಗೊತ್ತು. ನಿಲಕ್ಕೋಟ್ಟೈ, ಕಂಬಂ ಕಣಿವೆಯ ಕಡೆ ಅನುಪ್ಪರು, ಕಪ್ಪಿಲಿಯರು ಮನೆಯಲ್ಲಿ ಕನ್ನಡ ಆಡುತ್ತಾರೆ. ಕೊಡೈಕೆನಾಲಿಗೆ ಹೋಗುವ ಪ್ರವಾಸಿ ಬತ್ತಲಗುಂಡಿನಲ್ಲಿ ಕಾಫಿ ಕುಡಿದು ಬೆಟ್ಟ ಹತ್ತುತ್ತಾನೆ. ಇಲ್ಲಿ ಕನ್ನಡ ಇದೆಯೆಂದು ಅವನಿಗೆ ಗೊತ್ತೇ ಆಗುವುದಿಲ್ಲ!

ಆದ್ದರಿಂದ ಮೇಷ್ಟ್ರುಗಳೇ, ಮೇಡಂಗಳೇ, ಮಕ್ಕಳಿಗೆ ‘ಟಿವಿ ಆರಿಸು’ ಎಂದಷ್ಟೇ ಹೇಳಬೇಡಿ. ಯಾರು ಯಾರನ್ನು ನೋಡಿ ನಗುತ್ತಿದ್ದಾರೆ ಎಂದು ಕೇಳಿ. ಆಮೇಲೆ ತಮ್ಮೂರಿನ ಬಸ್ ಪ್ರಯಾಣವನ್ನು ಒಂದು ಪುಟ ಕನ್ನಡದಲ್ಲಿ ಬರೆಸಿ. ಬಸ್ಸು ಕೆಟ್ಟು ನಿಂತಿದ್ದರೆ ಇನ್ನೂ ಒಳ್ಳೆಯದು!