ಆ ಟ್ಯೂನ್ ಯಾರದ್ದು, ಗುರೂ?

ಬಳ್ಳಾರಿ ಬಸ್ ಸ್ಟ್ಯಾಂಡು. ಸಿರುಗುಪ್ಪ ಬಸ್ಸು ಹೊರಡೋಕೆ ಇನ್ನೂ ಹತ್ತು ನಿಮಿಷ. ಚಾ ಅಂಗಡಿ ರೇಡಿಯೋದಲ್ಲಿ 'ಎರಡು ಕನಸು' ಚಿತ್ರದ ಆ ಯುಗಳ ಗೀತೆ ಬರ್ತಿದೆ. ಪಕ್ಕದಲ್ಲಿ ಇಬ್ಬರು ಹುಡುಗರು. ಒಬ್ಬ ಸಿರುಗುಪ್ಪದವನು, ಇನ್ನೊಬ್ಬ ಕುರುಗೋಡಿನವನು. ಶುರುವಾಯ್ತು ನೋಡಿ ಜಗಳ!

"ಲೇ ಅಳಿಯಾ, ಇದು ತೆಲುಗಿನ 'ಪೂಜ' ಟ್ಯೂನಲೇ. ಕನ್ನಡದೋರು ಎತ್ಕೊಂಡಾರ!"

"ಸುಮ್ನಿರಲೇ ಮಾವಾ! ಅಣ್ಣಾವ್ರ ಪಿಚ್ಚರ್ ಹಾಡದು. ತೆಲುಗಿನೋರೇ ಕದ್ದಾರ!"

ಮಿತ್ರರೇ, ಇದು ಕಳ್ಳನೇ ಇಲ್ಲದ ಕಳ್ಳತನ! 'ಎರಡು ಕನಸು' ಬಂದದ್ದು 1974ರಲ್ಲಿ. ಅದೇ ಕಥೆ 1975ರಲ್ಲಿ ತೆಲುಗಿನ 'ಪೂಜ' ಆಯ್ತು. ಎರಡಕ್ಕೂ ಸಂಗೀತ ನಮ್ಮ ಮೈಸೂರಿನ ರಾಜನ್-ನಾಗೇಂದ್ರ. ಇಲ್ಲಿ ಪಿ.ಬಿ. ಶ್ರೀನಿವಾಸ್ ಜೊತೆ ವಾಣಿ ಜಯರಾಂ; ಅಲ್ಲಿ ಎಸ್ಪಿಬಿ ಜೊತೆ ಅದೇ ವಾಣಿ ಜಯರಾಂ. ಮನೆ ಒಂದೇ, ಬಾಗಿಲು ಎರಡು!

ಈ ಅಣ್ಣ-ತಮ್ಮಂದಿರು ಮೈಸೂರಿನ ಶಿವರಾಂಪೇಟೆಯವರು. ತಂದೆ ರಾಜಪ್ಪ ಮೂಕಿ ಚಿತ್ರಗಳಿಗೆ ಹಾರ್ಮೋನಿಯಂ, ಕೊಳಲು ನುಡಿಸಿದವರು. ರಾಜನ್ ಕೈಗೆ ಪಿಟೀಲು ಬಂತು, ನಾಗೇಂದ್ರರ ಕೈಗೆ ಜಲತರಂಗ. 1953ರಲ್ಲಿ ವಿಠಲಾಚಾರ್ಯರ 'ಸೌಭಾಗ್ಯಲಕ್ಷ್ಮಿ'ಯಿಂದ ಜೋಡಿ ಹೆಸರು ತೆರೆ ಮೇಲೆ ಬಂತು. ಅದೇ 1953ರಲ್ಲಿ ನಮ್ಮ ಬಳ್ಳಾರಿ, ಸಿರುಗುಪ್ಪ ಮೈಸೂರು ರಾಜ್ಯಕ್ಕೆ ಸೇರಿದ್ವು. ಆದೋನಿ, ಆಲೂರು, ರಾಯದುರ್ಗ ಆಂಧ್ರಕ್ಕೆ ಹೋದ್ವು. ನೆಲಕ್ಕೇನೋ ಗೆರೆ ಎಳೆದರು. ಕಿವಿಗೆ ಗೆರೆ ಎಳೆಯೋರು ಯಾರು?

ಇವರ ಹಾಡಿನ ಗುಟ್ಟೇನು? ಮೊದಲು ರಾಗ, ಆಮೇಲೆ ವಾದ್ಯ. ಪಲ್ಲವಿ ಎರಡು ಸಲ ಕೇಳಿದರೆ ಸಾಕು, ಸೈಕಲ್ ತುಳಿಯೋ ಹುಡುಗನ ಬಾಯಿಗೂ ಬಂದುಬಿಡುತ್ತೆ. ನಡುವೆ ಪಿಟೀಲು ಹಿಂಡು, ಕೊಳಲು. ಆದರೆ ಹಾಡೋರ ದನಿ ಮೇಲೆ ಯಾವುದೂ ಸವಾರಿ ಮಾಡೋದಿಲ್ಲ. ಅದಕ್ಕೇ ಆ ಟ್ಯೂನು ಕನ್ನಡ ಮಾತನ್ನೂ ಹೊರುತ್ತೆ, ತೆಲುಗು ಮಾತನ್ನೂ ಹೊರುತ್ತೆ.

1966ರ 'ಮಂತ್ರಾಲಯ ಮಹಾತ್ಮೆ'ಯ ಭಕ್ತಿ ಇವರದೇ. ಸಿರುಗುಪ್ಪ ದಾಟಿದ ತುಂಗಭದ್ರೆ ಮುಂದೆ ಮುಟ್ಟೋದು ಆ ಮಂತ್ರಾಲಯವನ್ನೇ! ರಾಜ್ಯೋತ್ಸವ ಬಂದರೆ ಮೈಕಿನಲ್ಲಿ ಮೊಳಗೋ 'ಗಂಧದ ಗುಡಿ' (1973) ಹಾಡು ಇವರದೇ. 'ಬಯಲು ದಾರಿ' (1976), ಹಳ್ಳಿ ಸೊಗಡಿನ 'ಪರಸಂಗದ ಗೆಂಡೆತಿಮ್ಮ' (1978) ಇವರದೇ. ಹಾಗೇ ತೆಲುಗಿನ 'ಪಂತುಲಮ್ಮ', ಜಂಧ್ಯಾಲರ 'ನಾಲುಗು ಸ್ತಂಭಾಲಾಟ' (1982) ಕೂಡಾ ಇವರದೇ! ಕನ್ನಡ ಚಿತ್ರಗಳೇ ಇನ್ನೂರು ದಾಟಿದ್ವು.

ಇಷ್ಟೆಲ್ಲಾ ಹೇಳಿ ಆ ಹುಡುಗರನ್ನ ಕೇಳಿದೆ: "ಹಾಡಿದೋರು ಗೊತ್ತು, ತೆರೆ ಮೇಲೆ ಬಂದೋರು ಗೊತ್ತು. ಹಾಡು ಕಟ್ಟಿದೋರ ಮುಖ ನೋಡೀರೇನಪ್ಪಾ?" ಇಬ್ಬರೂ ತಲೆ ಕೆರ್ಕೊಂಡ್ರು.

ಅವರದ್ದೇನೂ ತಪ್ಪಿಲ್ಲ ಬಿಡಿ. ನಾಗೇಂದ್ರ 2000ದಲ್ಲಿ ಹೋದರು. 2020ರ ಸೆಪ್ಟೆಂಬರ್ 25ರಂದು ಎಸ್ಪಿಬಿ ಹೋದಾಗ ನಾವೆಲ್ಲಾ ಅತ್ತೆವು. ಹದಿನಾರೇ ದಿನಕ್ಕೆ, ಅಕ್ಟೋಬರ್ 11ಕ್ಕೆ, ರಾಜನ್ ಹೋದರು. ಎಷ್ಟು ಜನ ಅತ್ತರು? ಎಷ್ಟು ಜನಕ್ಕೆ ಗೊತ್ತಾಯ್ತು?

ಅಭಿಮಾನ ಅಂದ್ರೆ ಕಟೌಟಿಗೆ ಹಾಲು ಎರೆಯೋದಷ್ಟೇ ಅಲ್ಲ ಕಣ್ರಪ್ಪಾ. ಟೈಟಲ್ ಓಡುವಾಗ ಸೀಟಲ್ಲಿ ಕೂತು 'ಸಂಗೀತ' ಅನ್ನೋ ಕಡೆ ಹೆಸರು ಓದೋದೂ ಅಭಿಮಾನವೇ.

ಬಸ್ಸು ಹೊರಟಿತು. ಕಿಟಕಿ ಪಕ್ಕ ಕೂತ ಸಿರುಗುಪ್ಪದ ಹುಡುಗ ಅದೇ ಟ್ಯೂನು ಗುನುಗ್ತಿದ್ದ. ಕನ್ನಡವೋ ತೆಲುಗೋ, ಮಾತು ಕೇಳಿಸಲಿಲ್ಲ. ರಾಜನ್-ನಾಗೇಂದ್ರ ಮಾತ್ರ ಚೆನ್ನಾಗಿ ಕೇಳಿಸಿದರು!