ಭೋಗಿ ಬೆಂಕಿಗೆ ಬೀಳುವುದೇನು? ಚೆನ್ನೈ ಹೊಗೆಯಲ್ಲಿ ಬಚ್ಚಲೊಲೆಗೂ ಇದೆ ಪಾಠ

ಚೆನ್ನೈ: ಪೊಂಗಲ್ ಹಬ್ಬದ ಹಿಂದಿನ ದಿನ ನಸುಕಿನಲ್ಲಿ ಮನೆ ಮುಂದೆ ಹಳೆಯ ವಸ್ತುಗಳನ್ನು ಸುಡುವುದು ಭೋಗಿಯ ಪದ್ಧತಿ. 2018ರ ಜನವರಿ 13ರಂದು ಈ ಹೊಗೆ ಮಂಜಿನೊಂದಿಗೆ ಸೇರಿ ಚೆನ್ನೈ ವಿಮಾನ ನಿಲ್ದಾಣದಲ್ಲಿ ಸಂಚಾರವನ್ನೇ ಅಸ್ತವ್ಯಸ್ತಗೊಳಿಸಿತ್ತು.

ಹಿಂದೆ ಈ ಬೆಂಕಿಗೆ ಬೀಳುತ್ತಿದ್ದುದು ಹರಿದ ಚಾಪೆ, ಸವೆದ ಪೊರಕೆ, ಒಣ ಗರಿ. ಈಗ ಟೈರ್, ಟ್ಯೂಬ್, ಸಿಂಥೆಟಿಕ್ ಬಟ್ಟೆಯೂ ಸೇರಿವೆ. ಚಾಪೆಯೂ ಎಷ್ಟೋ ಮನೆಗಳಲ್ಲಿ ಪ್ಲಾಸ್ಟಿಕ್ಕಿನದೇ.

ಹೊಗೆಯಲ್ಲಿ ಏನಿದೆ?

ಟೈರ್ ಉರಿದರೆ ದಟ್ಟ ಮಸಿಯ ಜೊತೆ ಸಲ್ಫರ್ ಡೈಆಕ್ಸೈಡ್ ಹೊರಬರುತ್ತದೆ. ಪಿವಿಸಿ ಸುಟ್ಟರೆ ಹೈಡ್ರೋಜನ್ ಕ್ಲೋರೈಡ್ ಹಾಗೂ ವಿಷಕಾರಿ ಡಯಾಕ್ಸಿನ್ ಉಂಟಾಗುತ್ತವೆ. ಜನವರಿಯ ನಸುಕಿನಲ್ಲಿ ನೆಲದ ಬಳಿಯ ಗಾಳಿ ತಣ್ಣಗಿದ್ದು, ಮೇಲಿನ ಬೆಚ್ಚನೆಯ ಪದರ ಮುಚ್ಚಳದಂತೆ ಕೂರುವುದರಿಂದ ಹೊಗೆ ಮೇಲೇರುವುದಿಲ್ಲ.

ತ್ಯಾಜ್ಯವನ್ನು ಬಯಲಿನಲ್ಲಿ ಸುಡುವುದನ್ನು 2016ರ ಘನತ್ಯಾಜ್ಯ ನಿರ್ವಹಣಾ ನಿಯಮಗಳೇ ನಿಷೇಧಿಸಿದ್ದವು. ತಮಿಳುನಾಡು ಮಾಲಿನ್ಯ ನಿಯಂತ್ರಣ ಮಂಡಳಿ ಹಬ್ಬಕ್ಕೆ ಮುನ್ನ ಜಾಗೃತಿ ಮೂಡಿಸುತ್ತದೆ. ಇತ್ತೀಚಿನ ವರ್ಷಗಳಲ್ಲಿ ಚೆನ್ನೈ ಮಹಾನಗರ ಪಾಲಿಕೆಯ ಸಿಬ್ಬಂದಿ ಹಳೆಯ ಟೈರ್, ಬಟ್ಟೆಗಳನ್ನು ಸಂಗ್ರಹಿಸುತ್ತಿದ್ದಾರೆ. 'ಸುಡಬೇಡಿ' ಎನ್ನುವುದಕ್ಕಿಂತ 'ನಮಗೆ ಕೊಡಿ' ಎನ್ನುವುದು ಹೆಚ್ಚು ಉಪಯುಕ್ತ.

ಕರ್ನಾಟಕದ ಬಚ್ಚಲಲ್ಲೂ ಇದೇ ಕಥೆ

ಚೆನ್ನೈಯದ್ದು ವರ್ಷಕ್ಕೊಂದು ದಿನದ ಹೊಗೆ. ಆದರೆ ಕರಾವಳಿ, ಮಲೆನಾಡಿನ ಅನೇಕ ಮನೆಗಳಲ್ಲಿ ಸ್ನಾನದ ನೀರು ಕಾಯುವುದು ಇಂದಿಗೂ ಬಚ್ಚಲೊಲೆಯ ಹಂಡೆಯಲ್ಲಿ. ತೆಂಗಿನ ಸಿಪ್ಪೆ, ಕಟ್ಟಿಗೆಯ ಜೊತೆ ಹಾಲಿನ ಪ್ಯಾಕೆಟ್, ಅಂಗಡಿಯ ಕವರ್ ಕೂಡ ಒಲೆ ಸೇರುತ್ತವೆ. ಕಸದ ವಾಹನ ಬಾರದ ಊರಿನಲ್ಲಿ ಒಲೆಯೇ ಕಸದ ಬುಟ್ಟಿ. ಇಲ್ಲಿ ವಿಮಾನ ನಿಲ್ಲುವುದಿಲ್ಲ, ಹಾಗಾಗಿ ಸುದ್ದಿಯೂ ಆಗುವುದಿಲ್ಲ. ಹೊಗೆಯನ್ನು ಮೊದಲು ಕುಡಿಯುವವರು ಒಲೆ ಊದುವವರು. ಬೂದಿ ಬಸಳೆಯ ಬುಡಕ್ಕೆ ಹೋಗುತ್ತದೆ.

ಪರಿಹಾರ ದುಬಾರಿಯಲ್ಲ. ಹಸಿ ಕಟ್ಟಿಗೆಯ ತೂಕದಲ್ಲಿ ಸುಮಾರು ಅರ್ಧದಷ್ಟು ನೀರೇ ಇರುತ್ತದೆ; ಅದು ಉರಿಯುವುದಕ್ಕಿಂತ ಹೊಗೆಯಾಡುವುದೇ ಹೆಚ್ಚು. ಸೀಳಿ, ಮಳೆ ತಾಗದಂತೆ ಒಣಗಿಸಿ, ತೇವಾಂಶ ಶೇ 20ಕ್ಕಿಂತ ಕಡಿಮೆಯಾದರೆ ಹೊಗೆ ಇಳಿಯುತ್ತದೆ, ಕಟ್ಟಿಗೆಯೂ ಉಳಿಯುತ್ತದೆ. ಬೆಂಕಿ ಹೊತ್ತಿಸಲು ಕವರ್ ಬದಲು ಒಣ ಗರಿ, ತೆಂಗಿನ ನಾರು ಸಾಕು.

ಉಳಿಯುವ ಪ್ಲಾಸ್ಟಿಕ್ ಎಲ್ಲಿಗೆ ಹೋಗಬೇಕು ಎನ್ನುವುದು ಮಾತ್ರ ಮನೆಯವರೇ ಬಗೆಹರಿಸಬಹುದಾದ ಪ್ರಶ್ನೆಯಲ್ಲ. ಒಲೆ ಹಚ್ಚುವವರಿಗೆ ಬುದ್ಧಿ ಹೇಳುವ ಮೊದಲು, ಪಂಚಾಯಿತಿಯ ಕಸದ ವಾಹನ ವಾರಕ್ಕೊಮ್ಮೆಯಾದರೂ ಆ ಮನೆಯ ಬಾಗಿಲಿಗೆ ಬರುತ್ತಿದೆಯೇ ಎಂದು ಕೇಳಬೇಕಿದೆ.